ಬೇರ್‌ಬೆರಿ ಎಲೆಯ ಪೊಟ್ಟಣ: ಎಲೆ ಅಪ್ಪಟ, ಲೇಬಲ್ ಅಪೂರ್ಣ

ಉಡುಪಿಯ ರಥಬೀದಿಯಿಂದ ಸ್ವಲ್ಪ ದೂರದಲ್ಲಿರುವ ಹಳೆಯ ನಾರುಬೇರಿನ ಅಂಗಡಿಯೊಂದರಲ್ಲಿ ಕೆಲವು ತಿಂಗಳುಗಳಿಂದ ಬೇರ್‌ಬೆರಿ ಎಂಬ ಹೊರದೇಶದ ಗಿಡದ ಒಣ ಎಲೆ ಮಾರಾಟಕ್ಕಿದೆ. ಕಂದು ಕಾಗದದ ಪೊಟ್ಟಣ, ಒಳಗೆ 100 ಗ್ರಾಂ ಎಲೆ, ಬೆಲೆ 380 ರೂಪಾಯಿ. ಉರಿಮೂತ್ರಕ್ಕೆ ಒಳ್ಳೆಯದೆಂದು ಯಾರಿಂದಲೋ ಕೇಳಿ ತಿಳಿದು ಇದನ್ನು ಕೊಳ್ಳುವವರಿದ್ದಾರೆ. ಮುಂಭಾಗದಲ್ಲಿ ದಪ್ಪ ಅಕ್ಷರಗಳಲ್ಲಿ ಅಚ್ಚಾಗಿರುವ ‘ದಿನನಿತ್ಯದ ಗಿಡಮೂಲಿಕೆ ಚಹಾ’ ಎಂಬ ಸಾಲನ್ನು ನೋಡಿ ಕೊಳ್ಳುವವರೂ ಇದ್ದಾರೆ. ಮುಖ್ಯವಾಗಿ ಈ ಎರಡನೆಯವರನ್ನು ಮನಸ್ಸಿನಲ್ಲಿಟ್ಟುಕೊಂಡು ಈ ವಿಮರ್ಶೆಯನ್ನು ಬರೆಯುತ್ತಿದ್ದೇನೆ. ಬಹುಕಾಲ ಸಸ್ಯಶಾಸ್ತ್ರವನ್ನು ಪಾಠ ಮಾಡಿದವಳಾದ್ದರಿಂದ ಒಣಗಿದ ಎಲೆಯನ್ನು ಪರೀಕ್ಷಿಸಿ ಗುರುತಿಸುವ ಅಭ್ಯಾಸ ನನಗಿದೆ. ಮಂಗಳೂರಿನಲ್ಲಿರುವ ನನ್ನ ತಂಗಿ ಪದೇ ಪದೇ ಉರಿಮೂತ್ರದಿಂದ ಬಳಲುವವಳು. ಆಕೆ ತನ್ನ ಡಾಕ್ಟರಿಗೆ ತಿಳಿಸಿಯೇ ಇದನ್ನು ಬಳಸಿದ್ದರಿಂದ ಬಳಕೆಯ ವಿಚಾರವನ್ನೂ ಹೇಳಬಲ್ಲೆ. ಪೊಟ್ಟಣದೊಳಗಿನ ಎಲೆ ಅಪ್ಪಟವಾದದ್ದು, ಚೆನ್ನಾಗಿ ಒಣಗಿಸಿದ್ದು. ಆದರೆ ಅದು ಮದ್ದು. ಅಳತೆ, ಅವಧಿ ಮತ್ತು ಎಚ್ಚರಿಕೆಗಳನ್ನು ಬರೆದು ಮದ್ದಿನಂತೆಯೇ ಮಾರಬೇಕಾದದ್ದನ್ನು ಚಹಾ ಎಂದು ಮಾರುತ್ತಿರುವುದು ಸರಿಯಲ್ಲ ಎಂಬುದು ನನ್ನ ದೃಢವಾದ ಅಭಿಪ್ರಾಯ.

ಗಿಡವನ್ನು ಬಲ್ಲವರು ನಮ್ಮಲ್ಲಿ ಕಡಿಮೆಯಾದ್ದರಿಂದ ನಾಲ್ಕು ಮಾತು ಅಗತ್ಯ. ಇದರ ಶಾಸ್ತ್ರೀಯ ಹೆಸರು ಆರ್ಕ್ಟೋಸ್ಟಾಫಿಲೋಸ್ ಊವಾ-ಉರ್ಸಿ. ಹೋಮಿಯೋಪತಿ ಅಂಗಡಿಗಳಲ್ಲಿ ಊವಾ ಉರ್ಸಿ ಎಂದೇ ಕರೆಯುತ್ತಾರೆ. 1753ರಲ್ಲಿ ಸ್ವೀಡನ್ನಿನ ಸಸ್ಯವಿಜ್ಞಾನಿ ಲಿನೇಯಸ್ ಇದನ್ನು ಬೇರೊಂದು ಜಾತಿಯಲ್ಲಿ ಸೇರಿಸಿದ್ದನು. 1825ರಲ್ಲಿ ಸ್ಪ್ರೆಂಗೆಲ್ ಎಂಬ ಜರ್ಮನ್ ಸಸ್ಯವಿಜ್ಞಾನಿ ಈಗಿನ ಜಾತಿಗೆ ತಂದನು. ಇದು ಎರಿಕೇಸಿ ಕುಟುಂಬದ ಸಸ್ಯ. ಆ ಕುಟುಂಬದವುಗಳಲ್ಲಿ ನಮಗೆ ಸಮೀಪದಲ್ಲಿ ಸಿಗುವವೆಂದರೆ ನೀಲಗಿರಿಯ ಎತ್ತರದ ಹುಲ್ಲುಗಾವಲುಗಳಲ್ಲಿ ಕೆಂಪು ಹೂ ಬಿಡುವ ರೋಡೋಡೆಂಡ್ರಾನ್ ಮತ್ತು ವಿಂಟರ್‌ಗ್ರೀನ್ ಎಣ್ಣೆಯನ್ನು ಕೊಡುವ ಗಾಲ್ತೀರಿಯಾ. ಬೇರ್‌ಬೆರಿಯ ನೆಲೆ ಇನ್ನೂ ಬಹಳ ಉತ್ತರದ್ದು: ಸ್ಕಾಟ್ಲೆಂಡ್, ಸ್ಕ್ಯಾಂಡಿನೇವಿಯಾ, ಸೈಬೀರಿಯಾ, ಅಲಾಸ್ಕಾ, ಕೆನಡಾ, ಗ್ರೀನ್‌ಲ್ಯಾಂಡ್, ದಕ್ಷಿಣಕ್ಕೆ ಬಂದರೆ ಆಲ್ಪ್ಸ್, ಪಿರನೀಸ್, ರಾಕಿ ಪರ್ವತಗಳಂಥ ಎತ್ತರದ ಜಾಗಗಳು ಮಾತ್ರ. ನೆಲದಿಂದ 5ರಿಂದ 30 ಸೆಂಟಿಮೀಟರಿಗಿಂತ ಮೇಲೇಳದೆ, ಹರಡಿಕೊಂಡು, ಹರಡಿದಲ್ಲೆಲ್ಲ ಕಾಂಡದಿಂದಲೇ ಬೇರು ಬಿಡುತ್ತಾ, ಮರಳು ಮತ್ತು ಕಲ್ಲಿನ ಬಡ ನೆಲವನ್ನು ಮುಚ್ಚಿಬಿಡುವ ಪೊದೆ ಇದು. ಶೂನ್ಯಕ್ಕಿಂತ 40 ಡಿಗ್ರಿ ಕೆಳಗಿನ ಚಳಿಯಲ್ಲಿಯೂ, ಹಿಮದಡಿಯಲ್ಲಿಯೂ ಎಲೆಯನ್ನು ಹಸಿರಾಗಿಯೇ ಉಳಿಸಿಕೊಳ್ಳುತ್ತದೆ. ಒಂದೊಂದು ಎಲೆ ಒಂದರಿಂದ ಮೂರು ವರ್ಷ ಬಾಳುತ್ತದೆ. ವಸಂತದಲ್ಲಿ ಬಿಳಿ ಅಥವಾ ನಸುಗೆಂಪಿನ ಪುಟ್ಟ ಕೊಡದಾಕಾರದ ಹೂಗಳು ಗೊಂಚಲಾಗಿ ಅರಳಿ, ಆಮೇಲೆ ಬಟಾಣಿಗಾತ್ರದ ಕೆಂಪು ಹಣ್ಣುಗಳಾಗುತ್ತವೆ. ಹಣ್ಣು ಹಿಟ್ಟುಹಿಟ್ಟಾಗಿದ್ದು ರುಚಿಯಿಲ್ಲದ್ದು. ಕರಡಿಗಳೂ ಕಾಡುಕೋಳಿ ವರ್ಗದ ಹಕ್ಕಿಗಳೂ ಅದನ್ನು ತಿನ್ನುತ್ತವೆ. ಉತ್ತರ ಅಮೆರಿಕದ ಮೂಲನಿವಾಸಿಗಳು ಒಣ ಎಲೆಯನ್ನು ತಂಬಾಕಿನೊಡನೆ ಬೆರೆಸಿ ಕೊಳವೆಯಲ್ಲಿ ಸೇದುತ್ತಿದ್ದರು. ಆ ಮಿಶ್ರಣಕ್ಕಿದ್ದ ಕಿನಿಕಿನಿಕ್ ಎಂಬ ಹೆಸರು ಅಲ್ಲಿ ಈಗ ಗಿಡಕ್ಕೇ ಬಂದಿದೆ.

ಇನ್ನು ಎಲೆಯ ಗುಣಮಟ್ಟ. ಪೊಟ್ಟಣವನ್ನು ಬಿಳಿ ಕಾಗದದ ಮೇಲೆ ಪೂರ್ತಿ ಸುರಿದು, ಹಗಲು ಬೆಳಕಿನಲ್ಲಿ, ಕೈಮಸೂರದ ಸಹಾಯದಿಂದ ನೋಡಿದೆ. ಬೇರ್‌ಬೆರಿ ಎಲೆ ಚಿಕ್ಕದು, ಒಂದರಿಂದ ಮೂರು ಸೆಂಟಿಮೀಟರ್ ಉದ್ದ, ತೊಟ್ಟಿನ ಕಡೆ ಕಿರಿದಾಗಿ ತುದಿಯ ಕಡೆ ಅಗಲವಾಗಿ ದುಂಡಗಾಗುವಂಥದು. ದಪ್ಪ, ಚರ್ಮದಂತೆ ಬಿರುಸು, ಒಣಗಿದಾಗ ಒತ್ತಿದರೆ ಮುರಿಯುತ್ತದೆ. ಮೇಲ್ಭಾಗ ಕಡುಹಸಿರಾಗಿ ಹೊಳೆಯುತ್ತದೆ, ಕೆಳಭಾಗ ತಿಳಿಯಾಗಿದ್ದು ಸಣ್ಣ ನರಗಳ ಬಲೆ ಸ್ಪಷ್ಟವಾಗಿ ಕಾಣುತ್ತದೆ. ನನ್ನ ಪೊಟ್ಟಣದ ಎಲೆಗಳೆಲ್ಲವೂ ಈ ಲಕ್ಷಣಗಳಿಗೆ ಹೊಂದಿದವು. ಈ ಎಲೆಯೊಡನೆ ಬೆರಕೆಯಾಗಿ ಬರುವವುಗಳಲ್ಲಿ ಮುಖ್ಯವಾದವು ಎರಡು. ಮೊದಲನೆಯದು ಅದೇ ಕುಟುಂಬದ ಲಿಂಗನ್‌ಬೆರಿ. ಅದರ ಎಲೆಯ ಅಂಚು ಕೆಳಕ್ಕೆ ಮಡಿಚಿಕೊಂಡಿರುತ್ತದೆ, ಅಡಿಭಾಗದಲ್ಲಿ ಕಂದು ಚುಕ್ಕೆಗಳಿರುತ್ತವೆ. ಅದರಿಂದ ಅಪಾಯವಿಲ್ಲದಿದ್ದರೂ ಮದ್ದಿನ ಅಂಶ ಕಡಿಮೆ. ಎರಡನೆಯದು ಯುರೋಪಿನ ತೋಟಗಳಲ್ಲಿ ಬೇಲಿಗೆ ಬೆಳೆಸುವ ಬಾಕ್ಸ್ ಗಿಡ. ಅದರ ಎಲೆಯ ತುದಿ ಸ್ವಲ್ಪ ಸೀಳಿದಂತಿರುತ್ತದೆ, ಅದು ವಿಷಕಾರಿ. ಇವೆರಡರ ಎಲೆಯೂ ಇದರಲ್ಲಿ ಇರಲಿಲ್ಲ. ಕಾಂಡದ ಚೂರುಗಳು ಅಲ್ಲೊಂದು ಇಲ್ಲೊಂದು ಇದ್ದವು. ಮದ್ದುಗಳ ಗುಣಮಟ್ಟವನ್ನು ನಿಗದಿ ಮಾಡುವ ಯುರೋಪಿನ ಔಷಧಸಂಹಿತೆಯೇ ಶೇಕಡಾ 5ರವರೆಗೆ ಕಾಂಡವನ್ನು ಒಪ್ಪುವುದರಿಂದ ಅದನ್ನು ದೋಷವೆನ್ನಲಾರೆ. ಬೂಷ್ಟಿನ ವಾಸನೆಯಿಲ್ಲ, ಹುಳವಿಲ್ಲ, ಮಣ್ಣಿಲ್ಲ. ಸಾವಿರಾರು ಕಿಲೋಮೀಟರ್ ದಾಟಿ, ನಮ್ಮ ಕರಾವಳಿಯ ತೇವದ ಗಾಳಿಯನ್ನು ಹಾದು ಬಂದ ಎಲೆ ಇಷ್ಟು ಗರಿಗರಿಯಾಗಿ ಉಳಿದಿರುವುದಕ್ಕೆ ಪೊಟ್ಟಣ ಕಟ್ಟಿದವರನ್ನೂ, ಗಾಳಿಯಾಡದ ಡಬ್ಬಿಗಳಲ್ಲಿ ಇಟ್ಟುಕೊಂಡ ಅಂಗಡಿಯವರನ್ನೂ ಮನಸಾರೆ ಮೆಚ್ಚಬೇಕು.

ಮೆಚ್ಚುಗೆ ಲೇಬಲಿನವರೆಗೆ ಹೋಗುವುದಿಲ್ಲ. ಅದರಲ್ಲಿ ಗಿಡದ ಹೆಸರಿದೆ, ಪ್ಯಾಕ್ ಮಾಡಿದ ತಿಂಗಳಿದೆ, ‘ಆಮದು’ ಎಂಬ ಒಂದು ಪದವಿದೆ. ಯಾವ ದೇಶದಿಂದ ಬಂದದ್ದು, ಯಾವಾಗ ಕೊಯ್ದದ್ದು ಎಂಬುದಿಲ್ಲ. ಮದ್ದಿನ ಮುಖ್ಯಾಂಶವಾದ ಆರ್ಬ್ಯೂಟಿನ್ ಎಷ್ಟಿದೆ ಎಂಬುದೂ ಇಲ್ಲ. ಒಳ್ಳೆಯ ಎಲೆಯಲ್ಲಿ ಅದು ಕನಿಷ್ಠ ಶೇಕಡಾ 7 ಇರಬೇಕೆಂದು ಯುರೋಪಿನ ಔಷಧಸಂಹಿತೆ ಹೇಳುತ್ತದೆ. ಎಲೆಯಿಂದ ಎಲೆಗೆ, ಊರಿಂದ ಊರಿಗೆ ಇದು ಶೇಕಡಾ 5ರಿಂದ 15ರವರೆಗೆ ಬದಲಾಗುವುದರಿಂದ ಅಂಕಿಯನ್ನು ಅಚ್ಚು ಹಾಕುವುದು ಗ್ರಾಹಕರಿಗೆ ತೋರಿಸಬೇಕಾದ ಕನಿಷ್ಠ ಮರ್ಯಾದೆ. ಬಳಸುವ ವಿಧಾನವಾಗಿ ‘ಬಿಸಿನೀರಿಗೆ ಒಂದು ಚಮಚ ಹಾಕಿ ಬೇಕಾದಾಗ ಕುಡಿಯಿರಿ’ ಎಂದಷ್ಟೇ ಬರೆದಿದ್ದಾರೆ. ಅದಕ್ಕಿಂತ ಕೆಟ್ಟದ್ದು ‘ಎಲ್ಲ ವಯಸ್ಸಿನವರಿಗೂ ಸೂಕ್ತ’ ಎಂಬ ಸಾಲು. ಮಕ್ಕಳಿಗೂ ಗರ್ಭಿಣಿಯರಿಗೂ ಕೊಡಬಾರದ ಎಲೆಯ ಮೇಲೆ ಈ ಮಾತನ್ನು ನೋಡಿದಾಗ ನನಗೆ ನಿಜವಾಗಿಯೂ ಆತಂಕವಾಯಿತು.

ಆತಂಕಕ್ಕೆ ಕಾರಣ ಎಲೆ ಕೆಲಸ ಮಾಡುವ ರೀತಿಯಲ್ಲೇ ಇದೆ. ಆರ್ಬ್ಯೂಟಿನ್ ಎಂಬುದು ಗ್ಲೂಕೋಸಿನೊಡನೆ ಜೋಡಿಕೊಂಡ ಹೈಡ್ರೋಕ್ವಿನೋನ್. ದೇಹದೊಳಗೆ ಗ್ಲೂಕೋಸ್ ಕಳಚಿ, ಉಳಿದ ಹೈಡ್ರೋಕ್ವಿನೋನನ್ನು ಯಕೃತ್ತು ಬೇರೆ ಅಣುಗಳಿಗೆ ಕಟ್ಟಿ ನಿರಪಾಯಗೊಳಿಸಿ ಮೂತ್ರಕ್ಕೆ ಕಳಿಸುತ್ತದೆ. ಮೂತ್ರಕೋಶವನ್ನು ತಲುಪಿದ ಮೇಲೆ ಅದರಲ್ಲಿ ಸ್ವಲ್ಪ ಭಾಗ ಮತ್ತೆ ಬಿಡುಗಡೆಯಾಗಿ ಅಲ್ಲಿನ ಬ್ಯಾಕ್ಟೀರಿಯಾಗಳ ಮೇಲೆ ಕೆಲಸ ಮಾಡುತ್ತದೆ. ಮೂತ್ರ ಕ್ಷಾರೀಯವಾಗಿದ್ದರೆ ಈ ಬಿಡುಗಡೆ ಹೆಚ್ಚೆಂಬ ನಂಬಿಕೆಯಿಂದ ಹಳೆಯ ಪದ್ಧತಿಯಲ್ಲಿ ಜೊತೆಗೆ ಅಡುಗೆ ಸೋಡಾ ಕೊಡುತ್ತಿದ್ದರು, ಹುಳಿ ಪದಾರ್ಥಗಳನ್ನು ಬಿಡಿಸುತ್ತಿದ್ದರು. ಬ್ಯಾಕ್ಟೀರಿಯಾಗಳೇ ಆ ಕಟ್ಟನ್ನು ಬಿಚ್ಚಬಲ್ಲವು ಎಂಬುದು ಆಮೇಲೆ ಗೊತ್ತಾಗಿದೆ. ರಕ್ತದೊತ್ತಡವಿರುವವರು ಹಳೆಯ ಮಾತನ್ನು ಕೇಳಿ ಸೋಡಾ ಕುಡಿಯುವುದು ಬೇಡ. ಮುಖ್ಯ ವಿಷಯವೆಂದರೆ ಹೈಡ್ರೋಕ್ವಿನೋನ್ ಸಾಧಾರಣ ವಸ್ತುವಲ್ಲ: ಮುಖದ ಕಪ್ಪು ಕಲೆಗಳಿಗೆ ಚರ್ಮವೈದ್ಯರು ಬರೆದುಕೊಡುವ ಕ್ರೀಮುಗಳಲ್ಲಿರುವುದು ಇದೇ. ಸ್ವಲ್ಪ ದಿನ, ಸ್ವಲ್ಪ ಪ್ರಮಾಣದಲ್ಲಿ ದೇಹ ಇದನ್ನು ಸಂಭಾಳಿಸುತ್ತದೆ; ತಿಂಗಳುಗಟ್ಟಲೆ ಒಳಕ್ಕೆ ಹೋಗುವುದು ಬೇರೆಯೇ ಮಾತು. ಮೂರು ವರ್ಷ ಎಡೆಬಿಡದೆ ಈ ಎಲೆಯ ಕಷಾಯ ಕುಡಿದ 56 ವರ್ಷದ ಮಹಿಳೆಯೊಬ್ಬರ ಕಣ್ಣಿನ ಅಕ್ಷಿಪಟಲ ಹಾನಿಗೊಂಡ ಪ್ರಕರಣ 2004ರಲ್ಲಿ ವೈದ್ಯಕೀಯ ಪತ್ರಿಕೆಯಲ್ಲಿ ವರದಿಯಾಗಿದೆ. ಒಂದೇ ಪ್ರಕರಣದಿಂದ ಸಿದ್ಧಾಂತ ಮಾಡಲಾಗದು, ನಿಜ; ಆದರೂ ‘ದಿನನಿತ್ಯದ’ ಎಂಬ ಪದವನ್ನು ಅಳಿಸಲು ನನಗೆ ಅಷ್ಟು ಸಾಕು.

ಯುರೋಪಿನಲ್ಲಿ ಇದರ ಬಳಕೆಗೆ ದೀರ್ಘ ಇತಿಹಾಸವಿದೆ. 13ನೆಯ ಶತಮಾನದ ವೇಲ್ಸ್ ವೈದ್ಯರ ಬರಹಗಳಲ್ಲಿ ಇದರ ಪ್ರಸ್ತಾಪವಿದೆ; 1788ರಲ್ಲಿ ಲಂಡನ್ನಿನ ಔಷಧಸಂಹಿತೆ ಇದನ್ನು ಸೇರಿಸಿಕೊಂಡಿತು. ಇಂದು ಯುರೋಪಿಯನ್ ಔಷಧ ಸಂಸ್ಥೆ ಇದಕ್ಕೆ ಸಾಂಪ್ರದಾಯಿಕ ಮದ್ದಿನ ಸ್ಥಾನ ನೀಡಿದ್ದರೂ ಆ ಒಪ್ಪಿಗೆಯ ಸುತ್ತ ಬಿಗಿಯಾದ ಬೇಲಿ ಹಾಕಿದೆ. 18 ದಾಟಿದ ಮಹಿಳೆಯರಿಗೆ, ಮರುಕಳಿಸುವ ಸೌಮ್ಯ ಸ್ವರೂಪದ ಉರಿಮೂತ್ರಕ್ಕೆ, ಗರಿಷ್ಠ ಒಂದು ವಾರ ಮಾತ್ರ. ನಾಲ್ಕು ದಿನಗಳಲ್ಲಿ ಕಡಿಮೆಯಾಗದಿದ್ದರೆ ವೈದ್ಯರನ್ನು ಕಾಣಬೇಕು. ಗಂಡಸರಲ್ಲಿ ಮೂತ್ರದ ಸೋಂಕಿಗೆ ವೈದ್ಯರ ತಪಾಸಣೆ ಅಗತ್ಯವಾದ್ದರಿಂದ ಅವರಿಗೆ ಇದನ್ನು ಸೂಚಿಸುವುದಿಲ್ಲ. ಮೂತ್ರಪಿಂಡದ ತೊಂದರೆ ಇರುವವರು ಮುಟ್ಟಲೇಬಾರದು. ಗರ್ಭಿಣಿಯರಿಗೂ ಹಾಲೂಡಿಸುವ ತಾಯಂದಿರಿಗೂ ಬೇಡ. ವರ್ಷಕ್ಕೆ ಐದು ಬಾರಿಗಿಂತ ಹೆಚ್ಚು ಬೇಡವೆಂದು ಗಿಡಮೂಲಿಕೆ ಮದ್ದುಗಳನ್ನು ಪರಿಶೀಲಿಸುತ್ತಿದ್ದ ಜರ್ಮನಿಯ ಕಮಿಷನ್ ಇ ಸಮಿತಿಯೂ ಹೇಳಿತ್ತು. ನಮ್ಮ ಕೈಗೆ ಬರುವ ಪೊಟ್ಟಣದಲ್ಲಿ ಈ ಬೇಲಿಯ ಒಂದು ಕಂಬವೂ ಉಳಿದಿಲ್ಲ ಎಂಬುದೇ ನನ್ನ ದೂರು.

ಎಲೆಯ ಪರಿಣಾಮದ ಬಗ್ಗೆ ಈಚಿನ ವರ್ಷಗಳಲ್ಲಿ ನಡೆದ ಪರೀಕ್ಷೆಗಳನ್ನು ಕೊಳ್ಳುವವರು ತಿಳಿದಿರುವುದು ಒಳ್ಳೆಯದು. 2019ರಲ್ಲಿ ಪ್ರಕಟವಾದ, ಇಂಗ್ಲೆಂಡಿನ 382 ಮಹಿಳೆಯರ ಮೇಲಿನ ಅಧ್ಯಯನದಲ್ಲಿ ಬೇರ್‌ಬೆರಿ ಸಾರ ತೆಗೆದುಕೊಂಡವರ ಉರಿ, ನೋವು ಮದ್ದಿಲ್ಲದ ಹುಸಿಗುಳಿಗೆ ತೆಗೆದುಕೊಂಡವರಿಗಿಂತ ಬೇಗ ಇಳಿಯಲಿಲ್ಲ. 2021ರಲ್ಲಿ ಬಂದ ಜರ್ಮನಿಯ ಅಧ್ಯಯನ 398 ಮಹಿಳೆಯರದು. ಅಲ್ಲಿ ಒಂದು ಗುಂಪಿಗೆ ಬೇರ್‌ಬೆರಿ, ಇನ್ನೊಂದಕ್ಕೆ ಫಾಸ್ಫೋಮೈಸಿನ್ ಎಂಬ ಆ್ಯಂಟಿಬಯೋಟಿಕ್ ಕೊಟ್ಟರು. ಬೇರ್‌ಬೆರಿ ಗುಂಪಿನಲ್ಲಿ ಆ್ಯಂಟಿಬಯೋಟಿಕ್ ಬಳಕೆ ಶೇಕಡಾ 60ಕ್ಕೂ ಹೆಚ್ಚು ಇಳಿಯಿತು, ಅಂದರೆ ಬಹಳಷ್ಟು ಮಂದಿ ಅದಿಲ್ಲದೆಯೇ ಗುಣವಾದರು. ಆದರೆ ಅವರು ಅನುಭವಿಸಿದ ಯಾತನೆ ಹೆಚ್ಚು, ಮತ್ತು ಸೋಂಕು ಮೇಲಕ್ಕೆ ಏರಿ ಮೂತ್ರಪಿಂಡವನ್ನು ಮುಟ್ಟಿದ ಪ್ರಕರಣಗಳು ಆ ಗುಂಪಿನಲ್ಲೇ ಜಾಸ್ತಿ: ಎಂಟು, ಇನ್ನೊಂದರಲ್ಲಿ ಎರಡು. ಇದಕ್ಕೂ ಮೊದಲು, 1993ರಲ್ಲಿ, ಸ್ವೀಡನ್ನಿನ 57 ಮಹಿಳೆಯರ ಸಣ್ಣ ಅಧ್ಯಯನವೊಂದು ದಂಡೇಲಿಯನ್ ಎಂಬ ಇನ್ನೊಂದು ಗಿಡದ ಜೊತೆ ಸೇರಿಸಿ ಕೊಟ್ಟಾಗ ಮರುಕಳಿಕೆ ಕಡಿಮೆಯಾದದ್ದನ್ನು ತೋರಿಸಿತ್ತು. ಮಾರಾಟಗಾರರು ಹೆಚ್ಚಾಗಿ ಹೇಳುವುದು ಇದನ್ನೇ. ಎಲ್ಲವನ್ನೂ ಒಟ್ಟಿಗೆ ಇಟ್ಟು ನೋಡಿದರೆ, ಸೌಮ್ಯವಾದ ಉರಿಗೆ, ವೈದ್ಯರ ಕಣ್ಣಳತೆಯಲ್ಲಿ, ಕೆಲವೇ ದಿನ ಪ್ರಯತ್ನಿಸಬಹುದಾದ ಮದ್ದು ಎಂಬುದಕ್ಕಿಂತ ದೊಡ್ಡ ಸ್ಥಾನ ಇದಕ್ಕೆ ಸಲ್ಲದು.

ತಯಾರಿಕೆಯಲ್ಲಿ ಎರಡು ದಾರಿಗಳಿವೆ. ಕುದಿಯುವ 150 ಮಿಲಿಲೀಟರ್ ನೀರಿಗೆ 1.5ರಿಂದ 4 ಗ್ರಾಂ ಪುಡಿ ಮಾಡಿದ ಎಲೆ ಹಾಕಿ ಮುಚ್ಚಿಟ್ಟು ಸೋಸುವುದು ಒಂದು; ತಣ್ಣೀರಿನಲ್ಲಿ ಹಲವು ಗಂಟೆ ನೆನೆಸಿ ಸೋಸುವುದು ಇನ್ನೊಂದು. ದಿನಕ್ಕೆ ಎರಡರಿಂದ ನಾಲ್ಕು ಬಾರಿ ಕುಡಿಯಬಹುದು, ಒಟ್ಟು ಎಲೆ 8 ಗ್ರಾಂ ಮೀರಬಾರದು. ಚಮಚದ ಅಳತೆಯನ್ನು ನಾನು ಒಪ್ಪುವುದಿಲ್ಲ, ಏಕೆಂದರೆ ಇಡೀ ಎಲೆಯ ಚಮಚಕ್ಕೂ ಪುಡಿಯ ಚಮಚಕ್ಕೂ ತೂಕದಲ್ಲಿ ಬಹಳ ವ್ಯತ್ಯಾಸವಿದೆ. ಅಡುಗೆಮನೆಯ ಸಣ್ಣ ಡಿಜಿಟಲ್ ತಕ್ಕಡಿಯಲ್ಲಿ ತೂಗಿಯೇ ಹಾಕಬೇಕು. ಬಿಸಿನೀರಿನ ಕಷಾಯ ನಸುಹಳದಿ ಕಂದಾಗಿ, ಪರಿಮಳವಿಲ್ಲದೆ, ಬಹಳ ಒಗರಾಗಿ ಬರುತ್ತದೆ; ಹಣ್ಣಾಗದ ಗೇರುಹಣ್ಣನ್ನು ಕಚ್ಚಿದಾಗ ನಾಲಿಗೆ ಹಿಡಿದುಕೊಳ್ಳುವಂತೆಯೇ ಇದೂ ಹಿಡಿದುಕೊಳ್ಳುತ್ತದೆ, ಹಿಂದಿನಿಂದ ಕಹಿ ಬರುತ್ತದೆ. ಎಲೆಯಲ್ಲಿ ಶೇಕಡಾ 10ರಿಂದ 20ರಷ್ಟಿರುವ ಟ್ಯಾನಿನ್ ಇದಕ್ಕೆ ಕಾರಣ. ರಷ್ಯಾ ಮತ್ತು ಸ್ವೀಡನ್ನಿನಲ್ಲಿ ಇದೇ ಎಲೆಯಿಂದ ಚರ್ಮ ಹದ ಮಾಡುತ್ತಿದ್ದದ್ದೂ ಈ ಗುಣದಿಂದಲೇ. ಹೊಟ್ಟೆ ಸೂಕ್ಷ್ಮವಿರುವವರಿಗೆ ಬಿಸಿ ಕಷಾಯ ತೊಳಸುವುದು ಸಹಜ. ತಣ್ಣೀರಿನಲ್ಲಿ ನೆನೆಸಿದರೆ ಆರ್ಬ್ಯೂಟಿನ್ ಇಳಿಯುತ್ತದೆ, ಟ್ಯಾನಿನ್ ಅಷ್ಟಾಗಿ ಇಳಿಯುವುದಿಲ್ಲ. ತಂಗಿಗೆ ಹಿಡಿಸಿದ್ದು ಅದೇ. ಆದರೆ ಜರ್ಮನ್ ಮನೆಯ ತಂಪಿನಲ್ಲಿ ರಾತ್ರಿಯಿಡೀ ನೆನೆಯುವುದಕ್ಕೂ ನಮ್ಮ ಮೇ ತಿಂಗಳ ಸೆಕೆಯಲ್ಲಿ ನೆನೆಯುವುದಕ್ಕೂ ಅಂತರವಿದೆ. ಕುದಿಸಿ ಆರಿಸಿದ ನೀರಿನಲ್ಲಿಯೇ ನೆನೆಸಿ, ಫ್ರಿಜ್ಜಿನಲ್ಲಿಟ್ಟು, ಅದೇ ದಿನ ಮುಗಿಸಬೇಕು. ಪಾತ್ರೆ ಸ್ಟೀಲಿನದೋ ಗಾಜಿನದೋ ಆಗಿರಲಿ. ಕಬ್ಬಿಣದ ಪಾತ್ರೆಗೆ ತಾಗಿದರೆ ಟ್ಯಾನಿನ್ ಕಪ್ಪಾಗುತ್ತದೆ. ನಮ್ಮ ಮನೆಗಳಲ್ಲಿ ಜೀರಿಗೆ-ಕೊತ್ತಂಬರಿ ಕಷಾಯಕ್ಕೆ ಹಾಲು ಬೆಲ್ಲ ಹಾಕುವ ರೂಢಿಯಿದೆ, ಇದಕ್ಕೆ ಹಾಲು ಹಾಕುವುದು ಬೇಡ. ಕಬ್ಬಿಣಾಂಶದ ಮಾತ್ರೆ ತೆಗೆದುಕೊಳ್ಳುತ್ತಿರುವ ಹೆಂಗಸರು ಅದಕ್ಕೂ ಇದಕ್ಕೂ ಕೆಲವು ಗಂಟೆಗಳ ಅಂತರವಿಡಬೇಕು, ಇಲ್ಲವಾದರೆ ಮಾತ್ರೆಯ ಪ್ರಯೋಜನ ಕುಗ್ಗುತ್ತದೆ.

ತಂಗಿಯ ಅನುಭವದ ಬಗ್ಗೆ ಹೆಚ್ಚಿನದೇನನ್ನೂ ಹೇಳಿಕೊಳ್ಳಲು ನಾನು ಬಯಸುವುದಿಲ್ಲ, ಏಕೆಂದರೆ ಅದೇ ದಿನಗಳಲ್ಲಿ ಆಕೆ ನೀರನ್ನೂ ಬಾರ್ಲಿ ಗಂಜಿಯನ್ನೂ ಧಾರಾಳವಾಗಿ ಕುಡಿಯುತ್ತಿದ್ದಳು. ಮೂತ್ರ ಪರೀಕ್ಷೆ ಮಾಡಿಸಿ, ಜ್ವರವಿಲ್ಲವೆಂದು ಖಚಿತಪಡಿಸಿಕೊಂಡು, ಡಾಕ್ಟರು ಒಪ್ಪಿದ ಮೇಲೆ ಆರಂಭಿಸಿದಳು. ಉರಿ ನಿಧಾನವಾಗಿ ಇಳಿಯಿತು, ವಾರದೊಳಗೆ ನಿಲ್ಲಿಸಿದಳು. ಒಂದು ಸಂಗತಿಯನ್ನು ಮಾತ್ರ ಎತ್ತಿ ಹೇಳಬೇಕು: ಮೂತ್ರದ ಬಣ್ಣ ಹಸಿರು ಬೆರೆತ ಕಂದಾಯಿತು. ಈ ಎಲೆಯಿಂದ ಹಾಗಾಗುವುದು ಗೊತ್ತಿರುವ ವಿಷಯವೇ. ನಾನು ಮೊದಲೇ ಹೇಳಿದ್ದರಿಂದ ಆಕೆ ಹೆದರಲಿಲ್ಲ; ಹೇಳುವವರಿಲ್ಲದ ಮನೆಯಲ್ಲಿ ಒಬ್ಬಂಟಿಯಾಗಿ ಇದನ್ನು ಕುಡಿದವರು ಎಷ್ಟು ಗಾಬರಿಯಾದಾರು ಎಂದು ಪೊಟ್ಟಣ ಕಟ್ಟಿದವರು ಯೋಚಿಸಬೇಕಿತ್ತು.

ಜ್ವರ, ಚಳಿ, ಸೊಂಟದ ಮೇಲ್ಭಾಗದಲ್ಲಿ ನೋವು, ವಾಂತಿ, ಮೂತ್ರದಲ್ಲಿ ರಕ್ತ — ಇವುಗಳಲ್ಲಿ ಯಾವುದೊಂದಿದ್ದರೂ ಈ ಪೊಟ್ಟಣವನ್ನು ಬಿಚ್ಚದೆ ನೇರವಾಗಿ ಆಸ್ಪತ್ರೆಗೆ ಹೋಗಬೇಕು. ಸಕ್ಕರೆ ಕಾಯಿಲೆ ಇರುವವರೂ ವೈದ್ಯರನ್ನು ಕೇಳದೆ ಮನೆಮದ್ದಿನಲ್ಲಿ ದಿನ ಕಳೆಯಬಾರದು.

ಉರಿಮೂತ್ರಕ್ಕೆ ನಮ್ಮಲ್ಲಿ ಮದ್ದಿಲ್ಲವೇ ಎಂದು ಕೇಳುವವರಿದ್ದಾರೆ. ಅದೇ ಅಂಗಡಿಯಲ್ಲಿ ನೆಗ್ಗಿಲು, ಲಾವಂಚದ ಬೇರು, ಸೊಗದೆ ಬೇರು, ಪಾಷಾಣಭೇದ ಎಲ್ಲವೂ ಇವೆ. ಮನೆಯ ಹಿತ್ತಿಲಲ್ಲಿ ಎಳನೀರಿದೆ. ಪಾಷಾಣಭೇದ ಹಿಮಾಲಯದ ಬರ್ಜೀನಿಯಾ ಗಿಡದ ಬೇರು, ಅದರ ಸೈಬೀರಿಯಾದ ಸೋದರ ಸಸ್ಯದ ಎಲೆಯಲ್ಲಿಯೂ ಆರ್ಬ್ಯೂಟಿನ್ ಧಾರಾಳವಾಗಿರುವುದು ಸಸ್ಯಶಾಸ್ತ್ರದವರಿಗೆ ಕುತೂಹಲದ ವಿಷಯ. ಇವುಗಳನ್ನು ಬೇರ್‌ಬೆರಿಯೊಡನೆ ಸ್ಪರ್ಧೆಗಿಡುವುದು ನನ್ನ ಉದ್ದೇಶವಲ್ಲ. ಆಯುರ್ವೇದ ವೈದ್ಯರು ಅವುಗಳನ್ನು ಪ್ರಕೃತಿ ನೋಡಿ ಕೊಡುತ್ತಾರೆ, ಉಡುಪಿಯ ಕುತ್ಪಾಡಿಯಲ್ಲಿ ಆಯುರ್ವೇದ ಕಾಲೇಜೂ ಆಸ್ಪತ್ರೆಯೂ ಇರುವಾಗ ಕೇಳಲು ನಮಗೆ ದೂರ ಹೋಗಬೇಕಾಗಿಲ್ಲ. ಆದರೆ ಇವೆಲ್ಲಕ್ಕಿಂತ ಮೊದಲಿನದು ನೀರು. ಪದೇ ಪದೇ ಸೋಂಕಾಗುತ್ತಿದ್ದ 140 ಮಹಿಳೆಯರಲ್ಲಿ ಅರ್ಧದಷ್ಟು ಮಂದಿಗೆ ದಿನಕ್ಕೆ ಒಂದೂವರೆ ಲೀಟರ್ ಹೆಚ್ಚು ನೀರು ಕುಡಿಯಲು ಹೇಳಿದ ಅಧ್ಯಯನ 2018ರಲ್ಲಿ ಪ್ರಕಟವಾಯಿತು. ಒಂದು ವರ್ಷದಲ್ಲಿ ಅವರಿಗೆ ಸರಾಸರಿ 1.7 ಬಾರಿ ಸೋಂಕಾದರೆ ಉಳಿದವರಿಗೆ 3.2 ಬಾರಿ ಆಯಿತು. ನಮ್ಮ ಬಟ್ಟೆ ಅಂಗಡಿಗಳಲ್ಲಿ ದಿನವಿಡೀ ನಿಂತು ದುಡಿಯುವ ಹೆಣ್ಣುಮಕ್ಕಳು, ಮೀನು ಮಾರುವ ಹೆಂಗಸರು, ಬಸ್ಸಿನಲ್ಲಿ ದೂರ ಓಡಾಡುವವರು ಶೌಚಾಲಯದ ಅನುಕೂಲವಿಲ್ಲವೆಂದೇ ನೀರು ಕುಡಿಯದೆ ಇರುತ್ತಾರೆ. ಅವರಿಗೆ ಹೊರದೇಶದ ಎಲೆಗಿಂತ ಹತ್ತಿರದಲ್ಲೊಂದು ಶುಚಿಯಾದ ಶೌಚಾಲಯ ಹೆಚ್ಚು ದೊಡ್ಡ ಮದ್ದು ಎಂಬುದನ್ನು ಹೇಳದೆ ಮುಂದೆ ಹೋಗಲು ನನಗೆ ಮನಸ್ಸಾಗುತ್ತಿಲ್ಲ.

ಬೆಲೆಯ ಲೆಕ್ಕ ಹೀಗಿದೆ. ಗರಿಷ್ಠ ಪ್ರಮಾಣದಲ್ಲಿ ಒಂದು ವಾರ ಕುಡಿದರೂ ಬೇಕಾಗುವುದು 56 ಗ್ರಾಂ. ಆಮದು ಎಲೆಗೆ ಗ್ರಾಮಿಗೆ ಸುಮಾರು ನಾಲ್ಕು ರೂಪಾಯಿ ದುಬಾರಿಯಲ್ಲ. ಆದರೆ 100 ಗ್ರಾಂ ಕೊಂಡವರ ಬಳಿ ವಾರದ ಕೊನೆಗೆ ಹತ್ತಿರ ಅರ್ಧ ಪೊಟ್ಟಣ ಉಳಿಯುತ್ತದೆ, ಉಳಿದದ್ದನ್ನು ಹಾಳು ಮಾಡಬಾರದೆಂದು ಕುಡಿಯುತ್ತಾ ಹೋಗುವವರು ಇರುತ್ತಾರೆ. 50 ಗ್ರಾಮಿನ ಪೊಟ್ಟಣವೇ ಈ ಎಲೆಗೆ ಸರಿಯಾದ ಅಳತೆ. ಉಳಿದ ಎಲೆಯನ್ನು ಇಡಬೇಕಾದವರು ಬಿಗಿ ಮುಚ್ಚಳದ ಗಾಜಿನ ಭರಣಿಯಲ್ಲಿ, ಕತ್ತಲೆಯ ಜಾಗದಲ್ಲಿ ಇಡಬೇಕು. ಆಟಿ ತಿಂಗಳ ಮಳೆಯಲ್ಲಿ ಕಾಗದದ ಪೊಟ್ಟಣ ಒಂದೆರಡು ವಾರದಲ್ಲೇ ಮೆತ್ತಗಾಗುತ್ತದೆ.

ಇದೇ ಗಿಡದ ಟಿಂಕ್ಚರ್ ಹೋಮಿಯೋಪತಿ ಅಂಗಡಿಗಳಲ್ಲಿಯೂ, ಕ್ಯಾಪ್ಸೂಲ್ ಆನ್‌ಲೈನಿನಲ್ಲಿಯೂ ದೊರೆಯುತ್ತವೆ. ಟಿಂಕ್ಚರಿನ ಹನಿಗಳನ್ನು ಎಲೆಯ ಗ್ರಾಮಿಗೆ ಸಮ ಮಾಡಿ ನೋಡುವಂತಿಲ್ಲ, ಅದು ಬೇರೆ ಪದ್ಧತಿಯ ಮದ್ದು. ಕ್ಯಾಪ್ಸೂಲ್ ಕೊಳ್ಳುವವರು ಆರ್ಬ್ಯೂಟಿನ್ ಎಷ್ಟು ಮಿಲಿಗ್ರಾಂ ಎಂದು ಬರೆದಿದ್ದರೆ ಮಾತ್ರ ಕೊಳ್ಳಲಿ.

ಎಲೆಯ ಪಕ್ಕದಲ್ಲೇ ಅಂಗಡಿಯವರು ಬೇರ್‌ಬೆರಿ ಬೀಜದ ಸಣ್ಣ ಪೊಟ್ಟಣಗಳನ್ನೂ ಇಟ್ಟಿದ್ದಾರೆ. ‘ಯಾವ ಹವೆಗೂ ಜಗ್ಗದ ನಿತ್ಯಹಸಿರು ಪೊದೆ, ಮನೆಯಂಗಳಕ್ಕೆ ಶೋಭೆ’ ಎಂದು ಅದರ ಮೇಲಿದೆ. ಇದನ್ನು ದಯವಿಟ್ಟು ಕೊಳ್ಳಬೇಡಿ. ಜಗ್ಗದ ಗಿಡವೆಂಬುದು ನಿಜ, ಆದರೆ ಅದು ಚಳಿಗೆ, ಗಾಳಿಗೆ, ಬಡ ಮಣ್ಣಿಗೆ ಜಗ್ಗದ್ದು. ಸೆಕೆ ಮತ್ತು ನಿಂತ ತೇವವೆರಡೂ ಅದಕ್ಕೆ ಆಗುವುದಿಲ್ಲ. ವರ್ಷಕ್ಕೆ 3500 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ, ಡಿಸೆಂಬರ್ ರಾತ್ರಿಯಲ್ಲಿಯೂ 20 ಡಿಗ್ರಿಯ ಆಸುಪಾಸಿನಲ್ಲೇ ಇರುವ ಉಡುಪಿ ಮಂಗಳೂರಿನಲ್ಲಿ ಅದರ ಬೇರು ಮೊದಲ ಮಳೆಗಾಲದಲ್ಲೇ ಕೊಳೆಯುತ್ತದೆ. ಅಷ್ಟರವರೆಗೆ ಬರುವುದೂ ಕಷ್ಟ, ಏಕೆಂದರೆ ಬೀಜದ ಚಿಪ್ಪು ಕಲ್ಲಿನಷ್ಟು ಗಟ್ಟಿ: ನರ್ಸರಿಗಳಲ್ಲಿ ಅದನ್ನು ಹಲವು ಗಂಟೆ ಗಂಧಕಾಮ್ಲದಲ್ಲಿಟ್ಟು, ಆಮೇಲೆ ಎರಡು ಮೂರು ತಿಂಗಳು ಬೆಚ್ಚಗಿನ ತೇವದಲ್ಲಿ, ಮತ್ತೆರಡು ಮೂರು ತಿಂಗಳು ಕೊರೆಯುವ ತಂಪಿನಲ್ಲಿಟ್ಟ ಮೇಲೆಯೇ ಮೊಳೆಯುವುದು. ಅಲ್ಲಿನವರೇ ಬೀಜವನ್ನು ಬಿಟ್ಟು ಕಾಂಡದ ತುಂಡುಗಳಿಂದ ಸಸಿ ಮಾಡುತ್ತಾರೆ. ಬೇರಿನೊಡನೆ ಬದುಕುವ ಶಿಲೀಂಧ್ರವೊಂದರ ನೆರವೂ ಅದಕ್ಕೆ ಬೇಕು. ಅಮೆರಿಕದ ಉತ್ತರ ತೀರಗಳಲ್ಲಿ ಈ ಗಿಡ ಸಮುದ್ರದಂಡೆಯ ಮರಳುದಿಬ್ಬಗಳನ್ನು ಹಿಡಿದು ನಿಲ್ಲಿಸುತ್ತದೆ ಎಂದು ಓದಿ, ಮಲ್ಪೆ ಪಣಂಬೂರಿನ ಮರಳಿಗೂ ಹೊಂದೀತೆಂದು ಯಾರಿಗಾದರೂ ಅನಿಸಬಹುದು. ಆ ಕೆಲಸವನ್ನು ನಮ್ಮಲ್ಲಿ ಅಡಂಬು ಬಳ್ಳಿ ಹಿಂದಿನಿಂದಲೂ ಮಾಡುತ್ತಾ ಬಂದಿದೆ. ಅಂಗಳಕ್ಕೆ ನಿತ್ಯಹಸಿರು ಪೊದೆಯೇ ಬೇಕಾದರೆ ಕೇಪುಳವಿದೆ. ಮುರಕಲ್ಲಿನ ಗುಡ್ಡದಲ್ಲಿ ತಾನಾಗಿ ಬೆಳೆಯುತ್ತದೆ, ಜಡಿಮಳೆಗೂ ಬೇಸಗೆಗೂ ಬಗ್ಗುವುದಿಲ್ಲ, ಕೆಂಪು ಹೂಗೊಂಚಲು ಬಿಡುತ್ತದೆ, ಮಕ್ಕಳು ಹಣ್ಣು ತಿನ್ನುತ್ತಾರೆ, ಅಜ್ಜಿಯಂದಿರು ಭೇದಿಗೆ ಅದರ ಮದ್ದು ಮಾಡುತ್ತಾರೆ. ಬೇರ್‌ಬೆರಿ ತನ್ನ ಊರಿನಲ್ಲಿ ಏನೋ ಕೇಪುಳ ನಮ್ಮ ಊರಿನಲ್ಲಿ ಅದೇ ಆಗಿದೆ, ಅದಕ್ಕೆ ಪೊಟ್ಟಣದ ಬೀಜವೂ ಬೇಡ.

ಅಂಗಡಿಯ ಸೇವೆಯ ಬಗ್ಗೆ ನನಗೆ ಗೌರವವಿದೆ. ಅಂಗಡಿಯವರು ಏನನ್ನೂ ಮುಚ್ಚಿಡುವವರಲ್ಲ. ನಾನು ಪೊಟ್ಟಣ ಬಿಚ್ಚಿ ಮಸೂರ ಹಿಡಿದು ನೋಡಿದಾಗ ಬೇಸರಿಸದೆ ತಾವೂ ಬಾಗಿ ನೋಡಿದರು. ಲಿಂಗನ್‌ಬೆರಿಯ ಕಂದು ಚುಕ್ಕೆಯ ವಿಚಾರ ಹೇಳಿದಾಗ, “ಇದು ನಮ್ಮ ಕಡೆಯ ಸೊಪ್ಪಲ್ಲವಲ್ಲ ಮೇಡಂ, ನೀವು ಹೇಳಿದ ಮೇಲೆ ಗೊತ್ತಾಯಿತು. ಮುಂದಿನ ಮಾಲು ಬಂದಾಗ ತಿರುಗಿಸಿ ನೋಡಿಯೇ ಇಡುತ್ತೇನೆ” ಎಂದರು. ಲೇಬಲ್ ಅವರದ್ದಲ್ಲ, ಹೊರಗಿನಿಂದ ಹಾಗೆಯೇ ಬರುತ್ತದೆ. ಆದರೂ ಮಾರುವವರಿಗೆ ಒಂದು ಹೊಣೆಯಿದೆಯೆಂದು ಹೇಳಿ, ವಯಸ್ಸು, ಅಳತೆ, ಒಂದು ವಾರದ ಮಿತಿ, ಯಾರಿಗೆ ಬೇಡ, ಮೂತ್ರದ ಬಣ್ಣ — ಇಷ್ಟನ್ನು ಕನ್ನಡದಲ್ಲಿ ಒಂದು ಹಾಳೆಯಲ್ಲಿ ಬರೆದುಕೊಟ್ಟಿದ್ದೇನೆ. ಎಲೆಯ ಪೊಟ್ಟಣದೊಡನೆ ಅದರ ಪ್ರತಿಯನ್ನು ಕೊಡಲು ಒಪ್ಪಿದ್ದಾರೆ. ‘ದಿನನಿತ್ಯದ ಚಹಾ’ ಎಂಬ ಸಾಲಿನ ಮೇಲೆ ಕಾಗದ ಅಂಟಿಸಬೇಕೆಂಬ ನನ್ನ ಮಾತಿಗೆ ಇನ್ನೂ ಉತ್ತರ ಬಂದಿಲ್ಲ, ಬೀಜದ ಪೊಟ್ಟಣಗಳೂ ಅಲ್ಲೇ ಇವೆ. ಎಲೆ ಬೇಕಾದವರು ವೈದ್ಯರನ್ನು ಕೇಳಿದ ಮೇಲೆ ಹೋಗಿ, ಆ ಹಾಳೆಯನ್ನು ಕೇಳಿ ಪಡೆಯಲಿ. 100 ಗ್ರಾಂ ಪೊಟ್ಟಣವನ್ನು ಬಿಚ್ಚಿ 50 ಗ್ರಾಂ ತೂಗಿ ಕೊಡುವಂತೆ ಕೇಳಿದರೆ ಅವರು ಇಲ್ಲವೆನ್ನುವುದಿಲ್ಲ.